ಲೆಕ್ಕ ಸರಿ ಇದೆ, ನೀರು ಎಲ್ಲಿ?

ನಿಮ್ಮ ಊರಿನ ಶಾಲೆಗೆ ಒಮ್ಮೆ ಹೋಗಿ. ಪಾಠದ ಕೋಣೆ ಆಮೇಲೆ ನೋಡಿದರಾಯಿತು. ಮೊದಲು ಹಿಂಬದಿಗೆ ಹೋಗಿ. ಅಲ್ಲಿ ಶೌಚಾಲಯ ಇದೆಯೇ? ಇದ್ದರೆ ಬಾಗಿಲು ಇದೆಯೇ? ಬಾಗಿಲಿಗೆ ಬೀಗ ಬಿದ್ದಿದೆಯೇ? ಒಳಗೆ ನಲ್ಲಿ ಇದೆಯೇ? ನಲ್ಲಿ ತಿರುವಿದರೆ ನೀರು ಬರುತ್ತದೆಯೇ?

ಇಷ್ಟು ನೋಡಿ ಬಂದರೆ ನೀವು ಸಣ್ಣ ಕೆಲಸ ಮಾಡಿಲ್ಲ. ಸರ್ಕಾರದ ಲೆಕ್ಕ ನೋಡುವ ದೊಡ್ಡ ಅಧಿಕಾರಿಗಳೂ ಶಾಲೆಗೆ ಹೋದಾಗ ಇದನ್ನೇ ನೋಡುತ್ತಾರೆ. ಅವರ ಆ ಕೆಲಸಕ್ಕೆ ಉದ್ದನೆಯ ಹೆಸರಿದೆ. ‘ಕಾರ್ಯನಿರ್ವಹಣಾ ಲೆಕ್ಕ ಪರಿಶೋಧನೆ’. ಓದಲು ನಾಲಿಗೆ ತಡವರಿಸಿದರೆ ಬೇಡ, ಬಿಡಿ. ನಾವು ಅದನ್ನು ‘ಕೆಲಸದ ಲೆಕ್ಕ’ ಎಂದು ಕರೆಯೋಣ.

ಹಣದ ಲೆಕ್ಕ, ಕೆಲಸದ ಲೆಕ್ಕ

ಲೆಕ್ಕದಲ್ಲಿ ಎರಡು ಬಗೆ. ಒಂದು ಹಣದ ಲೆಕ್ಕ. ಇನ್ನೊಂದು ಕೆಲಸದ ಲೆಕ್ಕ.

ಒಂದು ಊರು ಅಂತ ಇಟ್ಟುಕೊಳ್ಳಿ. ಅಲ್ಲಿ ಕುಡಿಯುವ ನೀರಿಗೆ ಒಂದು ಟ್ಯಾಂಕು ಕಟ್ಟಿದರು. ಸಿಮೆಂಟು ಕೊಂಡದ್ದಕ್ಕೆ ರಸೀದಿ ಇದೆ. ಕಬ್ಬಿಣ ಕೊಂಡದ್ದಕ್ಕೆ ರಸೀದಿ ಇದೆ. ಕೂಲಿ ಕೊಟ್ಟದ್ದಕ್ಕೆ ಸಹಿ ಇದೆ. ಎಂಜಿನಿಯರು ಅಳತೆ ಮಾಡಿ ಪುಸ್ತಕದಲ್ಲಿ ಬರೆದಿದ್ದಾರೆ. ಒಂದು ಪೈಸೆ ಆಚೀಚೆ ಇಲ್ಲ. ಹಣದ ಲೆಕ್ಕ ನೋಡುವವರು ಬಂದರು. ರಸೀದಿ ಎಲ್ಲ ತಾಳೆ ನೋಡಿದರು. ‘ಲೆಕ್ಕ ಸರಿ ಇದೆ’ ಎಂದು ಬರೆದು ಹೋದರು.

ಆದರೆ ಟ್ಯಾಂಕಿಗೆ ನೀರು ಏರಲೇ ಇಲ್ಲ. ಯಾಕೆ? ಬೋರ್‌ವೆಲ್ಲಿನಲ್ಲಿ ನೀರು ಸಾಲದು. ಇಲ್ಲವೇ ಮೋಟರಿಗೆ ಕರೆಂಟಿನ ಸಂಪರ್ಕ ಕೊಟ್ಟಿಲ್ಲ. ಇಲ್ಲವೇ ಪೈಪು ಬಂದಿಲ್ಲ. ಹೆಂಗಸರು ಮೊದಲಿನ ಹಾಗೆಯೇ ಕೊಡ ಹೊತ್ತು ದೂರ ಹೋಗುತ್ತಾರೆ. ಟ್ಯಾಂಕಿನ ನೆರಳಿನಲ್ಲಿ ದನ ಮಲಗುತ್ತವೆ.

ಇಲ್ಲಿ ಯಾರೂ ದುಡ್ಡು ಕದ್ದಿಲ್ಲ ಅಂತಲೇ ಇಟ್ಟುಕೊಳ್ಳೋಣ. ಆದರೂ ದುಡ್ಡು ಹಾಳಾಯಿತು, ಹೌದಲ್ಲ? ಹಣದ ಲೆಕ್ಕ ಕೇಳುವುದು ‘ಎಷ್ಟು ಖರ್ಚಾಯಿತು? ರಸೀದಿ ಎಲ್ಲಿ?’ ಎಂದು. ಕೆಲಸದ ಲೆಕ್ಕ ಕೇಳುವುದು ‘ನೀರು ಬಂತೇ?’ ಎಂದು. ಎರಡೂ ಬೇಕು. ಮೊದಲನೆಯದನ್ನು ಮಾತ್ರ ಕೇಳಿದರೆ ಆ ಊರಿನ ಟ್ಯಾಂಕು ಕಾಗದದ ಮೇಲೆ ತುಂಬಿಯೇ ಇರುತ್ತದೆ.

ಕೆಲಸದ ಲೆಕ್ಕದಲ್ಲಿ ಮೂರು ಮುಖ್ಯ ಪ್ರಶ್ನೆಗಳಿವೆ. ಅಧಿಕಾರಿಗಳು ಇವನ್ನು ಮಿತವ್ಯಯ, ದಕ್ಷತೆ, ಪರಿಣಾಮ ಎನ್ನುತ್ತಾರೆ. ನಮ್ಮ ಅಡಿಗೆ ಮನೆಯಲ್ಲಿ ಈ ಮೂರೂ ದಿನಾ ನಡೆಯುತ್ತವೆ. ಸಂತೆಯಲ್ಲಿ ಜೋಳ ಕೊಳ್ಳುವಾಗ ನಾಲ್ಕು ಕಡೆ ಬೆಲೆ ಕೇಳುತ್ತೀರಿ. ಅದು ಮಿತವ್ಯಯ. ಒಂದು ಸೇರು ಜೋಳಕ್ಕೆ ಎಷ್ಟು ರೊಟ್ಟಿ ಬಂತು ಎಂದು ನಿಮಗೆ ಗೊತ್ತು. ಕಡಿಮೆ ಬಂದರೆ ಗಿರಣಿಯವನನ್ನು ಕೇಳುತ್ತೀರಿ. ಅದು ದಕ್ಷತೆ. ಕೊನೆಗೆ, ಉಂಡವರ ಹೊಟ್ಟೆ ತುಂಬಿತೇ ಎಂದು ನೋಡುತ್ತೀರಿ. ಅದು ಪರಿಣಾಮ. ಜೋಳ ಅಗ್ಗಕ್ಕೆ ಸಿಕ್ಕಿತು, ರೊಟ್ಟಿಯೂ ಚೆನ್ನಾಗಿ ಬಂತು, ಆದರೆ ಮಗು ಹಸಿದೇ ಮಲಗಿತು ಅಂದರೆ ಅಡಿಗೆ ಮಾಡಿ ಏನು ಬಂತು?

ನನ್ನನ್ನು ಕೇಳಿದರೆ ನಾಲ್ಕನೆಯ ಪ್ರಶ್ನೆಯೂ ಇದೆ. ಯಾರ ಹೊಟ್ಟೆ ತುಂಬಿತು? ಊರ ನಡುವಿನ ಓಣಿಗೆ ನಲ್ಲಿ ಬಂತು, ಕೇರಿಗೆ ಬರಲಿಲ್ಲ ಅಂದರೆ ಆ ಲೆಕ್ಕ ಅರ್ಧ ಲೆಕ್ಕ. ಒಳ್ಳೆಯ ಲೆಕ್ಕ ತಪಾಸಣೆಯವರು ಇದನ್ನೂ ಕೇಳುತ್ತಾರೆ.

ಲೆಕ್ಕ ನೋಡುವವರು ಯಾರು?

ನಮ್ಮ ದೇಶದಲ್ಲಿ ಸರ್ಕಾರದ ಲೆಕ್ಕ ನೋಡಲು ಒಬ್ಬ ದೊಡ್ಡ ಅಧಿಕಾರಿ ಇದ್ದಾರೆ. ಅವರನ್ನು ಮಹಾಲೆಕ್ಕ ಪರಿಶೋಧಕರು ಎನ್ನುತ್ತಾರೆ. ಪೇಪರಿನಲ್ಲಿ ‘ಸಿಎಜಿ’ ಎಂದು ಬರೆಯುತ್ತಾರೆ. ಟಿವಿಯಲ್ಲಿ ಈ ಹೆಸರು ನೀವು ಕೇಳಿರಬಹುದು.

ಸರ್ಕಾರದ ಲೆಕ್ಕವನ್ನು ಸರ್ಕಾರವೇ ನೇಮಿಸಿದವರು ನೋಡಿದರೆ ಹೆದರಿಕೆ ಇರುವುದಿಲ್ಲವೇ? ಈ ಅನುಮಾನ ನಿಮಗೆ ಬಂದರೆ ಅದು ಒಳ್ಳೆಯ ಅನುಮಾನ. ಸಂವಿಧಾನ ಬರೆದವರಿಗೂ ಬಂದಿತ್ತು. ಅದಕ್ಕೇ 148ನೆಯ ಕಲಮಿನಲ್ಲಿ ಕಟ್ಟುನಿಟ್ಟು ಮಾಡಿದರು. ಈ ಅಧಿಕಾರಿಯನ್ನು ಮಂತ್ರಿಗಳು ಮನಸ್ಸು ಬಂದ ಹಾಗೆ ತೆಗೆಯುವಂತಿಲ್ಲ. ಸುಪ್ರೀಂ ಕೋರ್ಟಿನ ನ್ಯಾಯಾಧೀಶರನ್ನು ತೆಗೆಯುವುದು ಎಷ್ಟು ಕಷ್ಟವೋ ಇವರನ್ನು ತೆಗೆಯುವುದೂ ಅಷ್ಟೇ ಕಷ್ಟ. ಕೆಲಸ ಮುಗಿದ ಮೇಲೆ ಇವರು ಸರ್ಕಾರದಲ್ಲಿ ಬೇರೆ ಹುದ್ದೆ ಹಿಡಿಯುವಂತಿಲ್ಲ. ನಾಳೆ ಒಂದು ಕುರ್ಚಿ ಸಿಗುತ್ತದೆ ಎಂಬ ಆಸೆಗೆ ಇಂದು ಕಣ್ಣು ಮುಚ್ಚಬಾರದು ಎಂದು ಈ ನಿಯಮ.

‘ನೀವು ರಸೀದಿ ನೋಡಿ ಸಾಕು, ಕೆಲಸ ಹೇಗಾಯಿತು ಎಂದು ಕೇಳಲು ನೀವು ಯಾರು?’ ಎಂದವರೂ ಇದ್ದಾರೆ. ಈ ಮಾತು ಸುಪ್ರೀಂ ಕೋರ್ಟಿನವರೆಗೆ ಹೋಯಿತು. 2012ರಲ್ಲಿ ಕೋರ್ಟು ಆ ಅರ್ಜಿಯನ್ನು ಒಪ್ಪಲಿಲ್ಲ. ಮಹಾಲೆಕ್ಕ ಪರಿಶೋಧಕರು ಬರೀ ಲೆಕ್ಕ ಬರೆಯುವ ಗುಮಾಸ್ತರಲ್ಲ, ಸರ್ಕಾರ ಹಣವನ್ನು ಸರಿಯಾಗಿ ಬಳಸಿತೇ ಎಂದು ನೋಡಬಹುದು ಎಂಬ ಅರ್ಥದ ಮಾತನ್ನು ಹೇಳಿತು.

ಶಾಲೆಯ ಶೌಚಾಲಯದ ಕಥೆ

ಕಥೆ ಎಂದೆ. ಆದರೆ ಇದು ನಡೆದದ್ದು.

2014ರ ಆಗಸ್ಟ್ 15. ಪ್ರಧಾನ ಮಂತ್ರಿಗಳು ಕೆಂಪು ಕೋಟೆಯ ಮೇಲಿಂದ ಮಾತಾಡಿದರು. ಒಂದು ವರ್ಷದಲ್ಲಿ ದೇಶದ ಎಲ್ಲಾ ಶಾಲೆಗಳಲ್ಲೂ ಶೌಚಾಲಯ ಆಗಬೇಕು, ಹೆಣ್ಣುಮಕ್ಕಳಿಗೆ ಬೇರೆಯೇ ಇರಬೇಕು ಎಂದರು. ಒಳ್ಳೆಯ ಮಾತೇ. ಶಾಲೆಯಲ್ಲಿ ಶೌಚಾಲಯ ಇಲ್ಲದಿದ್ದರೆ ಹೆಣ್ಣುಮಗು ಏನು ಮಾಡುತ್ತಾಳೆಂದು ತಾಯಿಗೆ ಹೇಳಿಕೊಡಬೇಕೇ? ಬೆಳಗಿನಿಂದ ನೀರು ಕುಡಿಯದೆ ಕೂರುತ್ತಾಳೆ. ಮುಟ್ಟಾದ ದಿನ ಶಾಲೆಗೇ ಹೋಗುವುದಿಲ್ಲ. ತಿಂಗಳಿಗೆ ಮೂರು ದಿನ, ನಾಲ್ಕು ದಿನ ಪಾಠ ತಪ್ಪುತ್ತದೆ. ಆಮೇಲೆ ‘ಸಾಕು ಬಿಡು, ಮನೆಯಲ್ಲೇ ಇರು’ ಅನ್ನುವವರು ಇದ್ದೇ ಇರುತ್ತಾರೆ.

ಕೆಲಸ ಶುರುವಾಯಿತು. ಸರ್ಕಾರದ ಕಂಪನಿಗಳಿಗೂ ಪಾಲು ಹಂಚಿದರು. ಕಲ್ಲಿದ್ದಲು ತೆಗೆಯುವ ಕಂಪನಿ, ಎಣ್ಣೆ ತೆಗೆಯುವ ಕಂಪನಿ, ಕರೆಂಟು ಮಾಡುವ ಕಂಪನಿ. ಇವುಗಳಿಗೆ ಸಾರ್ವಜನಿಕ ವಲಯದ ಕಂಪನಿಗಳು ಎನ್ನುತ್ತಾರೆ. ಒಳ್ಳೆಯ ಲಾಭ ಬರುವ ದೊಡ್ಡ ಕಂಪನಿಗಳು ತಮ್ಮ ಲಾಭದಲ್ಲಿ 100 ರೂಪಾಯಿಗೆ 2 ರೂಪಾಯಿಯನ್ನು ಸಮಾಜದ ಕೆಲಸಕ್ಕೆ ಕೊಡಬೇಕೆಂದು 2013ರ ಕಾನೂನು ಹೇಳುತ್ತದೆ. ಆ ಹಣದಿಂದ ಕಟ್ಟಿಸಿದರು. ‘ಕಂಪನಿ ದುಡ್ಡು ತಾನೆ, ನಮ್ಮದಲ್ಲ’ ಎನ್ನಬೇಡಿ. ಸರ್ಕಾರಿ ಕಂಪನಿಯ ದುಡ್ಡೂ ಜನರದ್ದೇ.

2015ರ ಆಗಸ್ಟ್‌ನಲ್ಲಿ ಸರ್ಕಾರ ಗುರಿ ಮುಟ್ಟಿತೆಂದು ಪ್ರಕಟಿಸಿತು. ಒಟ್ಟು 4 ಲಕ್ಷ 17 ಸಾವಿರಕ್ಕೂ ಹೆಚ್ಚು ಶೌಚಾಲಯ ಆಗಿವೆ ಎಂದಿತು. ಇದರಲ್ಲಿ ಸರ್ಕಾರಿ ಕಂಪನಿಗಳ ಪಾಲು 1 ಲಕ್ಷ 40 ಸಾವಿರದಷ್ಟು. ಆ ಪಾಲಿನ ಖರ್ಚು 2,000 ಕೋಟಿ ರೂಪಾಯಿಗೂ ಹೆಚ್ಚು.

ಆಮೇಲೆ ಮಹಾಲೆಕ್ಕ ಪರಿಶೋಧಕರ ಕಡೆಯವರು ಹೊರಟರು. ಎಲ್ಲಾ ಶಾಲೆ ನೋಡಲು ಆಗುತ್ತದೆಯೇ? ಆಗುವುದಿಲ್ಲ. ಅನ್ನ ಬೆಂದಿದೆಯೇ ಎಂದು ನೋಡಲು ನಾವು ಪಾತ್ರೆಯ ಅನ್ನವನ್ನೆಲ್ಲ ಹಿಚುಕುತ್ತೇವೆಯೇ? ನಾಲ್ಕು ಅಗುಳು ಹಿಚುಕುತ್ತೇವೆ. ಹಾಗೆ ಇವರು 15 ರಾಜ್ಯಗಳಲ್ಲಿ 2,048 ಶಾಲೆಗಳನ್ನು ಆರಿಸಿಕೊಂಡರು. ಅವುಗಳಲ್ಲಿ 2,695 ಶೌಚಾಲಯಗಳ ಲೆಕ್ಕ ಇತ್ತು. ಕಚೇರಿಯಲ್ಲಿ ಕೂತು ಫೈಲು ತಿರುವಿದರೆ ಎಲ್ಲವೂ ‘ಪೂರ್ಣ’. ಇವರು ಶಾಲೆಗೇ ಹೋದರು. ಹಿಂಬದಿಗೆ ಹೋದರು. ಬಾಗಿಲು ತೆಗೆದು ನೋಡಿದರು.

ಏನು ಕಂಡಿತು? ನಿಧಾನವಾಗಿ ಓದಿ. ಅಂಕಿಗಳನ್ನು ಬೆರಳಿಟ್ಟು ಓದಿ.

83 ಶೌಚಾಲಯಗಳನ್ನು ಕಟ್ಟಿಯೇ ಇರಲಿಲ್ಲ. ಇನ್ನೂ 200 ಶೌಚಾಲಯ ಕಟ್ಟಿದ್ದೇವೆ ಎಂದು ಕಾಗದದಲ್ಲಿತ್ತು. ಶಾಲೆಯಲ್ಲಿ ಇರಲಿಲ್ಲ. 86 ಅರ್ಧಕ್ಕೆ ನಿಂತಿದ್ದವು. ಇವನ್ನೆಲ್ಲ ಕಳೆದರೆ ಉಳಿದದ್ದು 2,326. ಇವು ನಿಜಕ್ಕೂ ಪೂರ್ತಿ ಕಟ್ಟಿದವು. ಅಬ್ಬಾ, ಬಹಳ ಉಳಿದವಲ್ಲ ಎನ್ನಿಸಬಹುದು. ಹೌದು. ಗೋಡೆ ಎಣಿಸಿದರೆ ಬಹಳವೇ.

ಈಗ ಕೆಲಸದ ಲೆಕ್ಕ ಬರುತ್ತದೆ. ಈ 2,326ರಲ್ಲಿ 691ನ್ನು ಯಾರೂ ಬಳಸುತ್ತಿರಲಿಲ್ಲ. ಕೆಲವಕ್ಕೆ ನೀರಿಲ್ಲ. ಕೆಲವನ್ನು ತೊಳೆಯುವವರಿಲ್ಲ. ಕೆಲವು ಒಡೆದು ಹೋಗಿವೆ. ಕೆಲವಕ್ಕೆ ಬೀಗ. ಕೆಲವನ್ನು ಬೇರೆ ಕೆಲಸಕ್ಕೆ ಬಳಸುತ್ತಿದ್ದರು. 100 ಶೌಚಾಲಯಕ್ಕೆ 72ರ ಒಳಗೆ ನಲ್ಲಿ ನೀರು ಇರಲಿಲ್ಲ. 100ಕ್ಕೆ 55ರಲ್ಲಿ ಕೈ ತೊಳೆಯುವ ಅನುಕೂಲ ಇರಲಿಲ್ಲ. ದಿನಕ್ಕೆ ಒಮ್ಮೆಯಾದರೂ ತೊಳೆಯಬೇಕು ಎಂದು ನಿಯಮ. ನಾಲ್ಕರಲ್ಲಿ ಮೂರು ಪಾಲು ಶೌಚಾಲಯದಲ್ಲಿ ಆ ನಿಯಮ ನಡೆಯುತ್ತಿರಲಿಲ್ಲ.

ಕಟ್ಟಿಸಿದ್ದು ಯಾತಕ್ಕೆ? ಹೆಣ್ಣುಮಕ್ಕಳಿಗೆ ಬೇರೆ ಶೌಚಾಲಯ ಇರಲಿ ಎಂದು. ಹುಡುಗರು ಹುಡುಗಿಯರು ಕೂಡಿ ಓದುವ 1,967 ಶಾಲೆಗಳನ್ನು ನೋಡಿದರು. 99 ಶಾಲೆಗಳಲ್ಲಿ ಬಳಸುವಂಥ ಶೌಚಾಲಯ ಒಂದೂ ಇರಲಿಲ್ಲ. 436 ಶಾಲೆಗಳಲ್ಲಿ ಒಂದೇ ಒಂದು ಇತ್ತು. ಒಂದೇ ಇದ್ದರೆ ಬೇರೆ ಎಲ್ಲಿ ಬಂತು? 99 ಮತ್ತು 436 ಕೂಡಿಸಿ. 535. ಅಂದರೆ 100 ಶಾಲೆಗೆ 27ರಲ್ಲಿ ಯಾವ ಉದ್ದೇಶಕ್ಕೆ ದುಡ್ಡು ಹಾಕಿದರೋ ಆ ಉದ್ದೇಶವೇ ಈಡೇರಲಿಲ್ಲ.

ಇಲ್ಲಿ ಒಂದು ಮಾತು. ಕಟ್ಟಿದ ಮೇಲೆ ಮೂರರಿಂದ ಐದು ವರ್ಷ ಕಂಪನಿಗಳೇ ನಿರ್ವಹಣೆ ನೋಡಬೇಕು, ನೀರು ಬರುವಂತೆ ಮಾಡಬೇಕು ಎಂದು ಮೊದಲೇ ಬರೆದಿತ್ತು. ಹಾಗೆ ಬರೆದದ್ದರಿಂದಲೇ ‘ಯಾಕೆ ಮಾಡಲಿಲ್ಲ?’ ಎಂದು ಕೇಳಲು ಬಂತು. ಯಾರು ಏನು ಮಾಡಬೇಕು ಎಂದು ಮುಂಚೆ ಬರೆದಿಡದಿದ್ದರೆ ಆಮೇಲೆ ಎಲ್ಲರೂ ಇನ್ನೊಬ್ಬರ ಕಡೆ ಕೈ ತೋರಿಸುತ್ತಾರೆ. ಇದಕ್ಕೇ ಹೊಣೆಗಾರಿಕೆ ಎನ್ನುತ್ತಾರೆ. ಪುಸ್ತಕದ ಮಾತಿನಲ್ಲಿ ಉತ್ತರದಾಯಿತ್ವ. ಕೇಳಿದಾಗ ಉತ್ತರ ಕೊಡುವವರು ಒಬ್ಬರು ಇರಬೇಕು, ಅಷ್ಟೇ.

ವರದಿ ಎಲ್ಲಿಗೆ ಹೋಗುತ್ತದೆ?

ಲೆಕ್ಕ ನೋಡುವವರು ಮೊದಲು ತಾವು ಕಂಡದ್ದನ್ನು ಇಲಾಖೆಗೆ ಬರೆಯುತ್ತಾರೆ. ‘ಇದಕ್ಕೆ ನಿಮ್ಮ ಉತ್ತರ ಏನು?’ ಎಂದು ಕೇಳುತ್ತಾರೆ. ಇದು ನ್ಯಾಯವೇ. ಒಬ್ಬರ ಮಾತು ಕೇಳದೆ ತಪ್ಪು ಹೊರಿಸಬಾರದು. ಉತ್ತರ ಸರಿ ಎನಿಸಿದರೆ ಆ ಮಾತನ್ನು ಬಿಡುತ್ತಾರೆ. ಸರಿ ಎನಿಸದಿದ್ದರೆ ವರದಿಯಲ್ಲಿ ಬರೆಯುತ್ತಾರೆ.

ದೇಶದ ವರದಿ ರಾಷ್ಟ್ರಪತಿಗೆ ಹೋಗಿ ಸಂಸತ್ತಿಗೆ ಬರುತ್ತದೆ. ರಾಜ್ಯದ ವರದಿ ರಾಜ್ಯಪಾಲರಿಗೆ ಹೋಗಿ ವಿಧಾನ ಮಂಡಲಕ್ಕೆ ಬರುತ್ತದೆ. ಅಲ್ಲಿ ಶಾಸಕರ ಸಮಿತಿಗಳಿವೆ. ಒಂದರ ಹೆಸರು ಸಾರ್ವಜನಿಕ ಲೆಕ್ಕಪತ್ರ ಸಮಿತಿ. ಕಂಪನಿಗಳ ವಿಷಯಕ್ಕೆ ಸಾರ್ವಜನಿಕ ಉದ್ದಿಮೆಗಳ ಸಮಿತಿ. ಸಮಿತಿಯವರು ದೊಡ್ಡ ಅಧಿಕಾರಿಗಳನ್ನು ಕರೆಸಿ ಎದುರಿಗೆ ಕೂರಿಸಿ ಕೇಳಬಹುದು. ಒಮ್ಮೆ ಸಂಸತ್ತಿನ ಮುಂದೆ ಬಂದ ವರದಿ ಗುಟ್ಟಿನದಲ್ಲ. ಯಾರು ಬೇಕಾದರೂ ಓದಬಹುದು. ನೀವೂ ಓದಬಹುದು.

ಆದರೆ ಒಂದು ವಿಷಯ ತಿಳಿದಿರಲಿ. ಲೆಕ್ಕ ನೋಡುವವರಿಗೆ ಶಿಕ್ಷೆ ಕೊಡುವ ಅಧಿಕಾರ ಇಲ್ಲ. ದುಡ್ಡು ವಾಪಸು ಕೊಡಿ ಎಂದು ಕಸಿದುಕೊಳ್ಳಲೂ ಬರುವುದಿಲ್ಲ. ಅವರು ತೋರಿಸಬಹುದು, ಅಷ್ಟೇ. ಮಾಡಬೇಕಾದವರು ಸರ್ಕಾರ, ಶಾಸಕರು, ಕೋರ್ಟು.

ಇನ್ನೊಂದು ತೊಡಕು ಇದೆ. ಅದು ನಮಗೆ ಹೆಚ್ಚು ನೋವಿನದು. ಶೌಚಾಲಯ ಆಯಿತು ಎಂದದ್ದು 2015ರಲ್ಲಿ. ವರದಿ ಸಂಸತ್ತಿಗೆ ಬಂದದ್ದು 2020ರ ಸೆಪ್ಟೆಂಬರಿನಲ್ಲಿ. ನಡುವೆ ಐದು ವರ್ಷ. 2015ರಲ್ಲಿ ಐದನೆಯ ತರಗತಿಯಲ್ಲಿದ್ದ ಹುಡುಗಿ 2020ಕ್ಕೆ ಹತ್ತನೆಯ ತರಗತಿಗೆ ಬಂದಿರುತ್ತಾಳೆ. ನಡುವೆ ಶಾಲೆ ಬಿಡದಿದ್ದರೆ. ಅವಳು ದೊಡ್ಡವಳಾದ ವರ್ಷಗಳೆಲ್ಲ ಆ ಬೀಗದ ಎದುರೇ ಕಳೆದವು. ವರದಿ ಅವಳ ಪಾಲಿಗೆ ತಡವಾಗಿ ಬಂತು.

ಹಾಗಾದರೆ ಅಧಿಕಾರಿಗಳು ಬರುವವರೆಗೆ ಕಾಯಬೇಕೇ? ಬಾಗಿಲಿಗೆ ಬೀಗ ಬಿದ್ದದ್ದು ಮೊದಲ ದಿನವೇ ಊರಿನ ತಾಯಂದಿರಿಗೆ ಗೊತ್ತಿರುತ್ತದೆ.

ರಾಜಸ್ಥಾನದ ಹೆಂಗಸರು ಕೇಳಿದರು

ಊರಿನ ಜನರೇ ಲೆಕ್ಕ ಕೇಳಿದ್ದು ಉತ್ತರದ ರಾಜಸ್ಥಾನದಲ್ಲಿ. ಅದು ಒಣ ನಾಡು. ಬರ ಬಂದಾಗ ಸರ್ಕಾರ ಕೆರೆ, ರಸ್ತೆ ಕೆಲಸ ತೆಗೆಯುತ್ತಿತ್ತು. ಕೂಲಿಗೆ ಹೆಂಗಸರೇ ಹೆಚ್ಚು ಹೋಗುತ್ತಿದ್ದರು. ದಿನವಿಡೀ ಮಣ್ಣು ಹೊತ್ತರೂ ಪೂರ್ತಿ ಕೂಲಿ ಕೈಗೆ ಬರುತ್ತಿರಲಿಲ್ಲ. ‘ಹಾಜರಿ ಪಟ್ಟಿ ತೋರಿಸಿ’ ಎಂದರೆ ‘ಅದು ಸರ್ಕಾರದ ಗುಟ್ಟು’ ಎನ್ನುತ್ತಿದ್ದರು. ನಾವು ದುಡಿದ ದಿನದ ಲೆಕ್ಕ ನಮಗೇ ಗುಟ್ಟು!

1990ರಲ್ಲಿ ಅಲ್ಲಿ ರೈತ ಕೂಲಿಕಾರರ ಒಂದು ಸಂಘ ಹುಟ್ಟಿತು. ಹೆಸರು ಮಜ್ದೂರ್ ಕಿಸಾನ್ ಶಕ್ತಿ ಸಂಘಟನೆ. ಅರುಣಾ ರಾಯ್ ಎಂಬವರು ಕಲೆಕ್ಟರರಾಗುವಂಥ ಐಎಎಸ್ ಕೆಲಸ ಬಿಟ್ಟು ಬಂದು ಹಳ್ಳಿಯವರ ಜೊತೆ ಇದ್ದವರು. ನಿಖಿಲ್ ಡೇ, ಶಂಕರ್ ಸಿಂಗ್ ಅವರ ಜೊತೆಗಾರರು. 1994ರ ಡಿಸೆಂಬರಿನಲ್ಲಿ ಕೋಟ್ ಕಿರಾನಾ ಎಂಬ ಹಳ್ಳಿಯಲ್ಲಿ ಮೊದಲ ಜನ ಸುನವಾಯಿ ನಡೆಯಿತು. ಅಂದರೆ ಜನರ ಮುಂದೆ ವಿಚಾರಣೆ.

ಮಾಡಿದ್ದು ಏನು? ಬಹಳ ಸರಳ. ಹೇಗೋ ಸಿಕ್ಕ ಹಾಜರಿ ಪಟ್ಟಿಯನ್ನು ಎಲ್ಲರ ಎದುರು ಗಟ್ಟಿಯಾಗಿ ಓದಿದರು. ಇಂಥವರು ಇಷ್ಟು ದಿನ ದುಡಿದರು, ಇಷ್ಟು ಕೂಲಿ ಪಡೆದರು. ಆ ಹೆಸರಿನವರು ಎದ್ದು ನಿಂತು ‘ನಾನು ಆ ಕೆಲಸಕ್ಕೆ ಹೋಗಿಯೇ ಇಲ್ಲ’ ಎಂದರು. ಮುಂದೆ ಊರೂರಿನಲ್ಲಿ ಇಂಥ ವಿಚಾರಣೆ ನಡೆದವು. ಸತ್ತವರ ಹೆಸರಿನಲ್ಲಿ ಕೂಲಿ ಬರೆದದ್ದು, ಕಾಗದದಲ್ಲಿ ಮಾತ್ರ ಇದ್ದ ಕಟ್ಟಡ, ಎಲ್ಲ ಹೊರಗೆ ಬಂತು. ಪಟ್ಟಿ ಓದಿದ್ದು ಒಬ್ಬರು. ಸುಳ್ಳು ಹಿಡಿದದ್ದು ಓದು ಬಾರದವರು. ಯಾಕೆಂದರೆ ಊರಲ್ಲಿ ಯಾವ ಗೋಡೆ ಇದೆ, ಯಾವುದು ಇಲ್ಲ ಎಂದು ತಿಳಿಯಲು ಅಕ್ಷರ ಬೇಕಿಲ್ಲ. ಆದರೆ ಪಟ್ಟಿಯಲ್ಲಿ ಏನಿದೆ ಎಂದು ತಿಳಿಯಲು ಅಕ್ಷರ ಬೇಕು. ಎರಡೂ ಕೂಡಿದಾಗ ಲೆಕ್ಕ ಹೊರಬಿತ್ತು.

1996ರಲ್ಲಿ ಬ್ಯಾವರ್ ಪಟ್ಟಣದಲ್ಲಿ 40 ದಿನ ಧರಣಿ ಕೂತರು. ಲೆಕ್ಕದ ಕಾಗದದ ನಕಲು ಕೊಡಿ ಎಂಬುದೇ ಬೇಡಿಕೆ. ಆ ಹೋರಾಟದ ಒಬ್ಬ ಹೆಣ್ಣುಮಗಳು ದಿಲ್ಲಿಯಲ್ಲಿ ಪತ್ರಕರ್ತರ ಮುಂದೆ ಮಾತಾಡಿದ್ದನ್ನು ಅರುಣಾ ರಾಯ್ ಎಷ್ಟೋ ಕಡೆ ಹೇಳಿದ್ದಾರೆ. ಅವಳು ಓದಿದ್ದು ನಾಲ್ಕನೆಯ ತರಗತಿ. ‘ನಿನಗೆ ಮಾಹಿತಿ ಯಾಕೆ ಬೇಕು?’ ಎಂದು ಪತ್ರಕರ್ತರು ಕೇಳಿದರು. ಅವಳು ಹೇಳಿದಳು: ಹತ್ತು ರೂಪಾಯಿ ಕೊಟ್ಟು ಮಗನನ್ನು ಅಂಗಡಿಗೆ ಕಳಿಸಿದರೆ ಬಂದ ಮೇಲೆ ಲೆಕ್ಕ ಕೇಳುತ್ತೇನೆ. ಸರ್ಕಾರ ನನ್ನ ಹೆಸರಿನಲ್ಲಿ ಕೋಟಿಗಟ್ಟಲೆ ಖರ್ಚು ಮಾಡುತ್ತದೆ. ನಾನು ಲೆಕ್ಕ ಕೇಳಬಾರದೇ?

ಇಂಥ ಹೋರಾಟಗಳಿಂದ 2005ರಲ್ಲಿ ದೇಶಕ್ಕೆಲ್ಲ ಮಾಹಿತಿ ಹಕ್ಕು ಕಾನೂನು ಬಂತು. ಅದೇ ವರ್ಷದ ಉದ್ಯೋಗ ಖಾತರಿ ಕಾನೂನಿನಲ್ಲಿ ಗ್ರಾಮ ಸಭೆಯೇ ಕೆಲಸದ ಲೆಕ್ಕ ನೋಡಬೇಕೆಂದು ಬರೆದರು. ಇದಕ್ಕೆ ಸಾಮಾಜಿಕ ಪರಿಶೋಧನೆ ಎಂದು ಹೆಸರು. 2017ರಲ್ಲಿ ಮೇಘಾಲಯ ರಾಜ್ಯ ಇದಕ್ಕೆಂದೇ ಬೇರೆ ಕಾನೂನು ಮಾಡಿತು. ದೇಶದಲ್ಲಿ ಅದೇ ಮೊದಲು.

ನಮ್ಮ ಶಾಲೆ, ನಮ್ಮ ಲೆಕ್ಕ

ಈಗ ನಮ್ಮ ಊರಿಗೆ ಬರೋಣ. ಸರ್ಕಾರಿ ಶಾಲೆಗೆ ಒಂದು ಸಮಿತಿ ಇರುತ್ತದೆ. ನಮ್ಮಲ್ಲಿ ಅದನ್ನು ಎಸ್‌ಡಿಎಂಸಿ ಎನ್ನುತ್ತಾರೆ. 2009ರ ಶಿಕ್ಷಣ ಹಕ್ಕು ಕಾನೂನಿನ ಪ್ರಕಾರ ಇಂಥ ಸಮಿತಿಯಲ್ಲಿ ನಾಲ್ಕರಲ್ಲಿ ಮೂರು ಪಾಲು ಮಕ್ಕಳ ತಂದೆ ತಾಯಿಗಳು ಇರಬೇಕು. ಸದಸ್ಯರಲ್ಲಿ ಅರ್ಧ ಹೆಣ್ಣುಮಕ್ಕಳು ಇರಬೇಕು. ಶಾಲೆಗೆ ಬಂದ ಹಣ ಹೇಗೆ ಖರ್ಚಾಯಿತು ಎಂದು ನೋಡುವುದು ಇವರ ಕೆಲಸ. ಗಂಡು ಹೆಣ್ಣು ಮಕ್ಕಳಿಗೆ ಬೇರೆ ಬೇರೆ ಶೌಚಾಲಯ ಇರಬೇಕೆಂದೂ ಅದೇ ಕಾನೂನಿನಲ್ಲಿ ಇದೆ.

ಎಷ್ಟೋ ಕಡೆ ಹೆಂಗಸರ ಸಹಿ ಮಾತ್ರ ಸಭೆಗೆ ಬರುತ್ತದೆ, ಹೆಂಗಸರು ಬರುವುದಿಲ್ಲ. ಪುಸ್ತಕ ಮನೆಗೇ ಬರುತ್ತದೆ. ‘ಇಲ್ಲಿ ಒಂದು ಸಹಿ ಹಾಕವ್ವ’ ಎನ್ನುತ್ತಾರೆ. ನೀವು ಈಗ ಓದಬಲ್ಲಿರಿ. ಓದದೆ ಸಹಿ ಹಾಕಬೇಡಿ.

ಸಭೆಗೆ ಹೋದರೆ ಇಂಥ ಮಾತು ನಡೆಯಬಹುದು.

“ಮೇಷ್ಟ್ರೇ, ಹುಡುಗಿಯರ ಶೌಚಾಲಯಕ್ಕೆ ಬೀಗ ಯಾಕೆ ಹಾಕಿದ್ದೀರಿ?”

“ನೀರಿಲ್ಲವಮ್ಮ. ಬೀಗ ತೆಗೆದರೆ ಎರಡೇ ದಿನಕ್ಕೆ ಗಲೀಜಾಗ್ತದೆ. ತೊಳೆಯೋರು ಯಾರು?”

“ಮೇಲೆ ಟ್ಯಾಂಕು ಕಾಣ್ತದಲ್ಲ ಸಾರ್?”

“ಟ್ಯಾಂಕು ಇದೆ. ಪೈಪು ಹಾಕಿಲ್ಲ. ನಾನೂ ಎರಡು ಸಲ ಬರೆದೆ.”

“ಯಾರಿಗೆ ಬರೆದಿರಿ? ಆ ಕಾಗದ ತೋರಿಸ್ತೀರಾ?”

ಈ ಕೊನೆಯ ಪ್ರಶ್ನೆ ಬಹಳ ಮುಖ್ಯ. ಮೇಷ್ಟ್ರ ಮೇಲೆ ಕೂಗಾಡಿದರೆ ನೀರು ಬರುವುದಿಲ್ಲ. ಎಷ್ಟೋ ಸಲ ಅವರೂ ನಮ್ಮ ಹಾಗೆ ಅಲೆದವರೇ. ಪೈಪು ಹಾಕಬೇಕಾದವರು ಯಾರು? ಪಂಚಾಯಿತಿಯೇ? ಇಲಾಖೆಯೇ? ಗುತ್ತಿಗೆದಾರನೇ? ಅದು ಕಾಗದದಲ್ಲಿ ಇರುತ್ತದೆ. ಹೊಣೆ ಯಾರದೋ ಅವರನ್ನು ಕೇಳಬೇಕು. ಇನ್ನೊಂದು ಮಾತನ್ನೂ ನೆನಪಿಡಿ. ತೊಳೆಯುವವರಿಲ್ಲ ಎಂದು ಮಕ್ಕಳ ಕೈಯಲ್ಲಿ, ಅದರಲ್ಲೂ ಒಂದೇ ಕೇರಿಯ ಮಕ್ಕಳ ಕೈಯಲ್ಲಿ ಶೌಚಾಲಯ ತೊಳೆಸಿದರೆ ಅದನ್ನು ಒಪ್ಪಬೇಡಿ.

ಕಾಗದ ತೋರಿಸದಿದ್ದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಬಹುದು. ಶಾಲೆಯ ವಿಷಯವಾದರೆ ಕ್ಷೇತ್ರ ಶಿಕ್ಷಣಾಧಿಕಾರಿ ಕಚೇರಿಯಲ್ಲಿ, ಪಂಚಾಯಿತಿ ಕೆಲಸವಾದರೆ ಗ್ರಾಮ ಪಂಚಾಯಿತಿಯಲ್ಲಿ. ಶುಲ್ಕ 10 ರೂಪಾಯಿ. ಬಡತನ ರೇಖೆಯ ಕೆಳಗಿನವರಿಗೆ ಶುಲ್ಕ ಇಲ್ಲ, ಕಾರ್ಡಿನ ನಕಲು ಇಡಬೇಕು. ಯಾಕೆ ಬೇಕು ಎಂದು ಕಾರಣ ಹೇಳಬೇಕಿಲ್ಲ. ಬರೆಯಲು ಕಷ್ಟವಾದರೆ ಬಾಯಲ್ಲಿ ಹೇಳಿದ್ದನ್ನು ಬರೆದುಕೊಳ್ಳಲು ಅಧಿಕಾರಿ ನೆರವಾಗಬೇಕು. 30 ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ ಮೇಲಿನ ಅಧಿಕಾರಿಗೆ ಮೇಲ್ಮನವಿ ಕೊಡಬಹುದು. ಅರ್ಜಿ ಚಿಕ್ಕದಿರಲಿ. ನಮ್ಮ ರಾಜ್ಯದ ನಿಯಮದಲ್ಲಿ 150 ಪದ ಮೀರಬಾರದು, ಒಂದೇ ವಿಷಯ ಇರಬೇಕು.

ಅರ್ಜಿಯಲ್ಲಿ ‘ಯಾಕೆ ಹೀಗೆ ಮಾಡಿದಿರಿ?’ ಎಂದು ಬರೆದರೆ ಜಾರಿಕೊಳ್ಳುತ್ತಾರೆ. ಕಾಗದದ ಹೆಸರು ಹೇಳಿ ಕೇಳಿ. ಹೀಗೆ ಬರೆಯಬಹುದು:

‘ನಮ್ಮ ಊರಿನ ಸರ್ಕಾರಿ ಶಾಲೆಯಲ್ಲಿ ಕಟ್ಟಿದ ಹೆಣ್ಣುಮಕ್ಕಳ ಶೌಚಾಲಯಕ್ಕೆ ಸಂಬಂಧಿಸಿದ ಅಂದಾಜು ಪಟ್ಟಿ, ಅಳತೆ ಪುಸ್ತಕದ ಪುಟಗಳು, ಬಿಲ್ಲು ಮತ್ತು ಕೆಲಸ ಮುಗಿದ ಪ್ರಮಾಣ ಪತ್ರ, ಇವುಗಳ ನಕಲು ಕೊಡಿ.’

ಅಳತೆ ಪುಸ್ತಕ ಎಂದರೆ ಎಂಜಿನಿಯರು ಆದ ಕೆಲಸ ಅಳೆದು ಬರೆಯುವ ಪುಸ್ತಕ. ಕಚೇರಿಯಲ್ಲಿ ‘ಎಂ.ಬಿ.’ ಎನ್ನುತ್ತಾರೆ. ಇದು ಕೈಗೆ ಬಂದರೆ ಅರ್ಧ ಕೆಲಸ ಆದಂತೆ. ಅದರಲ್ಲಿ ‘ಪೈಪು ಇಷ್ಟು ಮೀಟರು’ ಎಂದು ಇದ್ದರೆ ಹಗ್ಗ ಹಿಡಿದು ಶಾಲೆಗೆ ಹೋಗಿ. ಒಬ್ಬರೇ ಹೋಗಬೇಡಿ, ನಾಲ್ಕು ಜನ ಹೋಗಿ. ಪುಸ್ತಕ ಓದುವವರು ಒಬ್ಬರು, ಅಳೆಯುವವರು ಇಬ್ಬರು, ಬರೆದುಕೊಳ್ಳುವವರು ಒಬ್ಬರು. ಮಕ್ಕಳನ್ನೂ ಕೇಳಿ. ನೀರು ವಾರಕ್ಕೆ ಎಷ್ಟು ದಿನ ಬರುತ್ತದೆ ಎಂದು ಮಕ್ಕಳಷ್ಟು ಚೆನ್ನಾಗಿ ಯಾರೂ ಹೇಳಲಾರರು.

ಕಂಡದ್ದನ್ನು ಎಲ್ಲಿ ಹೇಳಬೇಕು? ಮೊದಲು ಶಾಲಾ ಸಮಿತಿಯಲ್ಲಿ. ಆಮೇಲೆ ಗ್ರಾಮ ಸಭೆಯಲ್ಲಿ. ಪಂಚಾಯಿತಿ ಮಾಡಿಸಿದ ಕೆಲಸವಾದರೆ ಜಮಾಬಂದಿಯಲ್ಲಿ. ಜಮಾಬಂದಿ ಎಂದರೆ ಪಂಚಾಯಿತಿಯ ಹಿಂದಿನ ವರ್ಷದ ಜಮಾ ಖರ್ಚನ್ನೂ ಕೆಲಸಗಳನ್ನೂ ಜನರ ಎದುರು ಪರಿಶೀಲಿಸುವ ದಿನ. ಕಾಗದ ಮೇಜಿನ ಮೇಲಿರಬೇಕು, ಕೆಲಸ ಆದ ಜಾಗವನ್ನೂ ನೋಡಬೇಕು. ಕರ್ನಾಟಕದಲ್ಲಿ ಇದಕ್ಕೆ 2000ನೆಯ ಇಸವಿಯಲ್ಲಿ ನಿಯಮ ಬಂತು. ಇದು ಸಾಮಾನ್ಯವಾಗಿ ಆಗಸ್ಟ್ ತಿಂಗಳ ನಡುವಿನಿಂದ ಸೆಪ್ಟೆಂಬರ್ ನಡುವಿನ ಒಳಗೆ ನಡೆಯುತ್ತದೆ. ನೀವು ಹೇಳಿದ್ದನ್ನು ನಡಾವಳಿ ಪುಸ್ತಕದಲ್ಲಿ ಬರೆಸಿ. ಬರೆದದ್ದನ್ನು ಅಲ್ಲೇ ಗಟ್ಟಿಯಾಗಿ ಓದಿಸಿ, ಇಲ್ಲವೇ ನೀವೇ ಓದಿ. ಆಮೇಲೆ ಸಹಿ ಹಾಕಿ. ಮುಂದಿನ ಸಭೆಗೆ ಹೋದಾಗ ಅದೇ ಪುಟ ತೆಗೆಸಿ, ಪೈಪು ಬಂತೇ ಎಂದು ಅಲ್ಲಿಂದಲೇ ಮಾತು ಶುರು ಮಾಡಿ.